ಹಗುರ ಲ್ಯಾಪ್‌ಟಾಪಿನಲ್ಲಿ ಆಟ ತಡವರಿಸುವುದೇಕೆ?

ಈ ಶಿರೋನಾಮೆಯನ್ನು ಕಂಡು ವಿದ್ಯಾರ್ಥಿಗಳಿಗೆ ಸಂತೋಷವೂ ರಕ್ಷಕರಿಗೆ ಅಸಮಾಧಾನವೂ ಆಗಬಹುದು. ಶಾಲೆಯ ವಾರ್ಷಿಕ ಸಂಚಿಕೆಯಲ್ಲಿ ಕಂಪ್ಯೂಟರ್ ಆಟದ ವಿಚಾರವೇಕೆ ಎಂದು ಕೇಳುವವರೂ ಇದ್ದಾರು. ಆದರೆ ಈ ಪ್ರಶ್ನೆ ನಮ್ಮ ಬಳಿಗೆ ಬಂದುದು ಆಟದ ದಾರಿಯಿಂದಲ್ಲ, ಹಣದ ದಾರಿಯಿಂದ.

ಕಳೆದ ಬೇಸಗೆ ರಜೆಗೆ ಸ್ವಲ್ಪ ಮುಂಚೆ ರಕ್ಷಕರೊಬ್ಬರು ಮಗನೊಂದಿಗೆ ಶಾಲೆಗೆ ಬಂದರು. ಹುಡುಗನ ಕೈಯಲ್ಲಿ ಒಂದು ತೆಳುವಾದ ಲ್ಯಾಪ್‌ಟಾಪ್ ಇತ್ತು. "ಇದು ಹಳತಾಯಿತು, ಆಟ ನಿಂತು ನಿಂತು ನಡೆಯುತ್ತದೆ, ಹೊಸತು ಬೇಕು ಎನ್ನುತ್ತಾನೆ. ನಮ್ಮಲ್ಲಿರುವುದು ಇವನ ಅಕ್ಕನ ಕಾಲೇಜು ಶುಲ್ಕಕ್ಕೆಂದು ತೆಗೆದಿರಿಸಿದ ಹಣ. ಯಂತ್ರ ನಿಜವಾಗಿ ಕೆಟ್ಟಿದೆಯೇ, ನೋಡಿ ಹೇಳಿ" ಎಂದರು. ಹುಡುಗ ತಲೆ ತಗ್ಗಿಸಿ ನಿಂತಿದ್ದ. ವಿಜ್ಞಾನ ಸಂಘದ ಮಕ್ಕಳನ್ನು ಕೂಡಿಕೊಂಡು ನಾವು ಮೂರು ಸಂಜೆ ಅದನ್ನು ಪರೀಕ್ಷಿಸಿದೆವು. ಆಗ ಕಲಿತದ್ದನ್ನು ಎಲ್ಲರಿಗೂ ಉಪಯೋಗವಾಗಲೆಂದು ಇಲ್ಲಿ ಬರೆಯುತ್ತಿದ್ದೇವೆ.

ಚಲನೆಯ ಲೆಕ್ಕ

ತೆರೆಯ ಮೇಲೆ ಓಡುವ ಕಾರು ನಿಜವಾಗಿ ಓಡುವುದಿಲ್ಲ. ಒಂದರ ಹಿಂದೊಂದು ಬರುವ ಸ್ಥಿರ ಚಿತ್ರಗಳನ್ನು ನಮ್ಮ ಕಣ್ಣು ಚಲನೆಯೆಂದು ಗ್ರಹಿಸುತ್ತದೆ. ಸೆಕೆಂಡಿಗೆ 60 ಚಿತ್ರಗಳು ಬೇಕಾದರೆ ಒಂದೊಂದು ಚಿತ್ರವನ್ನೂ ಸುಮಾರು 16.7 ಮಿಲಿಸೆಕೆಂಡಿನೊಳಗೆ ಬರೆದು ಮುಗಿಸಬೇಕು. 30 ಚಿತ್ರಗಳು ಸಾಕೆಂದರೆ 33.3 ಮಿಲಿಸೆಕೆಂಡು ದೊರೆಯುತ್ತದೆ. ಸಿನಿಮಾದಲ್ಲಿ ಎಲ್ಲ ಚಿತ್ರಗಳನ್ನೂ ಮೊದಲೇ ತೆಗೆದಿಟ್ಟಿರುತ್ತಾರೆ. ಆಟದಲ್ಲಿ ಹಾಗಲ್ಲ, ಆಡುವವನ ಬೆರಳು ಯಾವ ಕಡೆಗೆ ಒತ್ತಿತೆಂದು ನೋಡಿದ ಮೇಲೆಯೇ ಮುಂದಿನ ಚಿತ್ರವನ್ನು ಲೆಕ್ಕ ಹಾಕಬೇಕು. ಒಂದು ಚಿತ್ರ ತಡವಾದರೆ ಆಟ ಎಡವಿದಂತೆ ತೋರುತ್ತದೆ.

ಹಾಗಾದರೆ ತಡವಾಗುವುದೇಕೆ? ಪ್ರೊಸೆಸರ್ ದುರ್ಬಲವಾದುದರಿಂದ ಎಂಬುದು ಎಲ್ಲರೂ ಹೇಳುವ ಉತ್ತರ. ಅದು ಅರ್ಧ ಮಾತ್ರ ನಿಜ. ಆ ಹುಡುಗನ ಲ್ಯಾಪ್‌ಟಾಪ್ ಮೊದಲ ಕೆಲವು ನಿಮಿಷ ಸರಾಗವಾಗಿಯೇ ನಡೆಯುತ್ತಿತ್ತು, ಅನಂತರ ಕುಸಿಯುತ್ತಿತ್ತು. ಒಂದೇ ಯಂತ್ರ, ಒಂದೇ ಆಟ. ಆದರೂ ಸ್ವಲ್ಪ ಹೊತ್ತಿನಲ್ಲಿ ಬೇರೆ ನಡತೆ. ಇದಕ್ಕೆ ಕಾರಣ ಶಾಖ.

ಕೋಣದ ಓಟ, ಎತ್ತಿನ ಉಳುಮೆ

ಆ ಯಂತ್ರದಲ್ಲಿದ್ದುದು 2017ರಲ್ಲಿ ಬಂದ ಇಂಟೆಲ್ ಕೋರ್ ಐ5-8250ಯು ಎಂಬ ಪ್ರೊಸೆಸರ್. ಇದರ ಮೂಲ ವೇಗ 1.6 ಗಿಗಾಹರ್ಟ್ಸ್, ಗರಿಷ್ಠ ವೇಗ 3.4 ಗಿಗಾಹರ್ಟ್ಸ್. ದೀರ್ಘಕಾಲ ನಡೆಯಲು ಇದಕ್ಕೆ ಗೊತ್ತುಮಾಡಿದ ಶಕ್ತಿ 15 ವಾಟ್. ಮೂಲ ವೇಗಕ್ಕೂ ಗರಿಷ್ಠ ವೇಗಕ್ಕೂ ಎರಡು ಪಟ್ಟಿಗಿಂತ ಹೆಚ್ಚು ಅಂತರವಿದೆಯೆಂಬುದನ್ನು ಗಮನಿಸಬೇಕು. ಕಂಬಳದ ಕೋಣ ಕೆಸರುಗದ್ದೆಯ ಓಟವನ್ನು ಕೆಲವೇ ಸೆಕೆಂಡುಗಳಲ್ಲಿ ಮುಗಿಸುತ್ತದೆ; ಅದೇ ವೇಗದಲ್ಲಿ ದಿನವಿಡೀ ಉಳಲಾರದು. ಪ್ರೊಸೆಸರಿನ ಗರಿಷ್ಠ ವೇಗವೂ ಅಂಥದೇ. ಒಂದು ಕಡತವನ್ನು ತೆರೆಯುವಂಥ ಚಿಕ್ಕ ಕೆಲಸಕ್ಕೆ ಅದು ಸಾಕು. ಆದರೆ ಆಟವೆಂಬುದು ಓಟವಲ್ಲ, ಉಳುಮೆ.

ಪ್ರೊಸೆಸರ್ ಬಳಸುವ ವಿದ್ಯುತ್ತು ಹೆಚ್ಚುಕಡಿಮೆ ಎಲ್ಲವೂ ಕೊನೆಗೆ ಶಾಖವಾಗುತ್ತದೆ. 15 ವಾಟ್ ಅಲ್ಪವೆಂದು ತೋರಬಹುದು. ಆದರೆ ತವರವನ್ನು ಕರಗಿಸಿ ಬೆಸುಗೆ ಹಾಕುವ ಸಣ್ಣ ಉಪಕರಣ 25 ವಾಟಿನದು ಎಂಬುದನ್ನು ನೆನೆದರೆ, ಉಗುರಿನಷ್ಟಗಲದ ಒಂದು ಚಿಪ್ಪಿನಲ್ಲಿ ಅಷ್ಟು ಶಾಖ ಹುಟ್ಟುವುದೆಂದರೇನೆಂದು ತಿಳಿಯುತ್ತದೆ. ಇದನ್ನು ಹೊರಗೆ ಸಾಗಿಸಲು ಒಳಗೊಂದು ತಾಮ್ರದ ಕೊಳವೆಯಿದೆ. ಅದರೊಳಗೆ ಅತಿ ಕಡಿಮೆ ಒತ್ತಡದಲ್ಲಿ ತುಸು ದ್ರವವಿರುತ್ತದೆ. ಬಿಸಿಯ ತುದಿಯಲ್ಲಿ ದ್ರವ ಆವಿಯಾಗಿ ತಣ್ಣಗಿನ ತುದಿಗೆ ಹೋಗುತ್ತದೆ, ಅಲ್ಲಿ ಮತ್ತೆ ದ್ರವವಾಗಿ ಶಾಖವನ್ನು ಬಿಟ್ಟುಕೊಟ್ಟು ಹಿಂತಿರುಗುತ್ತದೆ. ಆ ತುದಿಯಲ್ಲಿರುವ ತೆಳು ತಗಡುಗಳ ನಡುವೆ ಫ್ಯಾನು ಗಾಳಿಯನ್ನು ಊದುತ್ತದೆ.

ಶಾಖ ಹೊರಹೋಗುವುದಕ್ಕಿಂತ ಹುಟ್ಟುವುದೇ ಹೆಚ್ಚಾದರೆ ಚಿಪ್ಪು ಕಾಯುತ್ತ ಹೋಗುತ್ತದೆ. ಈ ಪ್ರೊಸೆಸರಿನ ಉಷ್ಣತೆಯ ಮಿತಿ 100 ಡಿಗ್ರಿ ಸೆಲ್ಸಿಯಸ್. ಮಿತಿಯನ್ನು ಮುಟ್ಟುತ್ತಲೇ ಅದು ತನ್ನ ವೇಗವನ್ನು ತಾನೇ ಇಳಿಸಿಕೊಳ್ಳುತ್ತದೆ. ಆಟದ ತಡವರಿಕೆಯೆಂದು ನಾವು ಕಾಣುವುದು ಬಹಳಮಟ್ಟಿಗೆ ಇದನ್ನೇ. ಯಂತ್ರ ಕೆಟ್ಟಿಲ್ಲ, ಕೆಡದಂತೆ ತನ್ನನ್ನು ಕಾಪಾಡಿಕೊಳ್ಳುತ್ತಿದೆ.

ನಮ್ಮ ಕರಾವಳಿಯ ಬೇಸಗೆಗೂ ಇದರಲ್ಲಿ ಪಾಲಿದೆ. ಹೊರಹೋಗುವ ಶಾಖ ಚಿಪ್ಪಿಗೂ ಕೋಣೆಗೂ ಇರುವ ಉಷ್ಣತೆಯ ಅಂತರವನ್ನು ಅವಲಂಬಿಸುತ್ತದೆ. ಕೋಣೆ 25 ಡಿಗ್ರಿಯಿದ್ದರೆ ಅಂತರ 75. ಏಪ್ರಿಲಿನಲ್ಲಿ 35 ಡಿಗ್ರಿಯಾದರೆ ಅಂತರ 65. ಫ್ಯಾನಿನ ವೇಗ ಒಂದೇ ಆಗಿದ್ದರೆ, ಮೊದಲು 15 ವಾಟ್ ಹೊರಹಾಕುತ್ತಿದ್ದ ವ್ಯವಸ್ಥೆ ಈಗ 13 ವಾಟ್ ಮಾತ್ರ ಹೊರಹಾಕೀತು. ಡಿಸೆಂಬರಿನಲ್ಲಿ ಸರಾಗವಾಗಿದ್ದ ಆಟ ವಿಷುವಿನ ಹೊತ್ತಿಗೆ ತಡವರಿಸಿದರೆ ಆಶ್ಚರ್ಯವಿಲ್ಲ.

ಮಾಡಬೇಕಾದುದೇನು?

ಮೊದಲನೆಯದಾಗಿ ಗಾಳಿಗೆ ದಾರಿ ಮಾಡಿಕೊಡಬೇಕು. ಇಂಥ ಲ್ಯಾಪ್‌ಟಾಪುಗಳಲ್ಲಿ ಹೆಚ್ಚಿನವು ಅಡಿಭಾಗದಿಂದ ಗಾಳಿಯನ್ನು ಎಳೆದುಕೊಳ್ಳುತ್ತವೆ. ಹಾಸಿಗೆ, ದಿಂಬು, ಮಡಿಲು ಇವುಗಳ ಮೇಲಿಟ್ಟರೆ ಅದರ ಮೂಗು ಮುಚ್ಚಿದಂತೆಯೇ ಸರಿ. ಗಟ್ಟಿ ಮೇಜಿನ ಮೇಲಿಟ್ಟು, ಹಿಂದಿನ ಎರಡು ಮೂಲೆಗಳಿಗೆ ಒಂದೊಂದು ಸಣ್ಣ ಮರದ ತುಂಡನ್ನು ಕೊಟ್ಟು ಒಂದೆರಡು ಅಂಗುಲ ಎತ್ತರಿಸಿದರೆ ಸಾಕು. ಇದಕ್ಕೆ ಖರ್ಚೇನೂ ಇಲ್ಲ.

ಎರಡನೆಯದು ಧೂಳು. ವರ್ಷಗಟ್ಟಲೆ ಬಳಸಿದ ಯಂತ್ರದಲ್ಲಿ ತಗಡುಗಳ ಎದುರು ಧೂಳು ಕಂಬಳಿಯಂತೆ ಕಟ್ಟಿರುತ್ತದೆ. ಅದನ್ನು ತೆಗೆಯುವಾಗ ಯಂತ್ರವನ್ನು ಪೂರ್ತಿ ಆರಿಸಿ, ಬ್ಯಾಟರಿಯ ತಂತಿಯನ್ನು ಕಳಚಿ, ಫ್ಯಾನು ತಿರುಗದಂತೆ ಹಿಡಿದು ಗಾಳಿ ಊದಬೇಕು. ತಿಳಿದವರ ಸಹಾಯವಿಲ್ಲದೆ ವಿದ್ಯಾರ್ಥಿಗಳು ಇದಕ್ಕೆ ಕೈಹಾಕಬಾರದು. ಚಿಪ್ಪಿಗೂ ತಾಮ್ರಕ್ಕೂ ನಡುವೆ ಹಚ್ಚಿದ ಲೇಪ ಒಣಗಿದ್ದರೆ ಅದನ್ನೂ ಆಗಲೇ ಹೊಸದಾಗಿ ಹಚ್ಚಿಸಬಹುದು.

ಮೂರನೆಯದಾಗಿ ಕೆಲಸವನ್ನೇ ಕಡಿಮೆ ಮಾಡಬೇಕು. ತೆರೆಯ ಚಿತ್ರ ಪಿಕ್ಸೆಲ್ ಎಂಬ ಚುಕ್ಕೆಗಳಿಂದಾಗಿದೆ. 1920ನ್ನು 1080ರಿಂದ ಗುಣಿಸಿದರೆ 20,73,600 ಚುಕ್ಕೆಗಳು. ಆಟದ ವ್ಯವಸ್ಥೆಯಲ್ಲಿ 1280 ಮತ್ತು 720 ಎಂದು ಆರಿಸಿದರೆ 9,21,600 ಚುಕ್ಕೆಗಳು ಮಾತ್ರ, ಅಂದರೆ ಅರ್ಧಕ್ಕಿಂತಲೂ ಕಡಿಮೆ. ಚಿತ್ರ ಸ್ವಲ್ಪ ಮಸುಕಾದರೂ ಓಟ ಸುಧಾರಿಸುತ್ತದೆ. ನೆರಳು, ನೀರಿನ ಪ್ರತಿಬಿಂಬ, ದೂರದ ಹುಲ್ಲು ಇವುಗಳಿಗೆ ಹೆಚ್ಚು ಶ್ರಮ ತಗಲುವುದರಿಂದ ಅವನ್ನು ಮೊದಲು ಇಳಿಸಬೇಕು.

ನಾಲ್ಕನೆಯದು ಕೇಳಲು ವಿಚಿತ್ರ: ವೇಗಕ್ಕೆ ನಾವೇ ಮಿತಿ ಹಾಕುವುದು. ಚಿಪ್ಪು ಬಳಸುವ ಶಕ್ತಿ ಮುಖ್ಯವಾಗಿ ಅದರ ಆವರ್ತನಕ್ಕೂ ವೋಲ್ಟೇಜಿನ ವರ್ಗಕ್ಕೂ ಅನುಗುಣವಾಗಿರುತ್ತದೆ. ಎರಡನ್ನೂ ಶೇಕಡಾ 10ರಷ್ಟು ಇಳಿಸಿದರೆ 0.9 × 0.9 × 0.9, ಅಂದರೆ 0.729 ಆಗುತ್ತದೆ. ವೇಗದಲ್ಲಿ ಕಳೆದುಕೊಂಡುದು ಹತ್ತು, ಶಾಖದಲ್ಲಿ ಉಳಿಸಿದುದು ಇಪ್ಪತ್ತೇಳು! ಆದುದರಿಂದ ಒಮ್ಮೆ 55, ಒಮ್ಮೆ 22 ಎಂದು ಹೊಯ್ದಾಡುವ ಆಟಕ್ಕೆ ಸೆಕೆಂಡಿಗೆ 30 ಚಿತ್ರಗಳ ಮಿತಿ ಹಾಕಿದರೆ ಚಿಪ್ಪಿಗೆ ಉಸಿರಾಡಲು ಬಿಡುವು ಸಿಗುತ್ತದೆ, ಕಣ್ಣಿಗೂ ಸಮಾಧಾನವಾಗುತ್ತದೆ. ಕಣ್ಣು ಸಹಿಸದಿರುವುದು ನಿಧಾನವನ್ನಲ್ಲ, ಏರುಪೇರನ್ನು.

ಐದನೆಯದು ನೆನಪಿನ ಭಾಗ. ತೆಳು ಲ್ಯಾಪ್‌ಟಾಪುಗಳಲ್ಲಿ ಸಾಮಾನ್ಯವಾಗಿ ಚಿತ್ರ ಬರೆಯುವ ಭಾಗಕ್ಕೆ ಸ್ವಂತ ನೆನಪಿಲ್ಲ. ಪ್ರೊಸೆಸರಿನ ರ‍್ಯಾಮನ್ನೇ ಹಂಚಿಕೊಳ್ಳುತ್ತದೆ. ಡಿಡಿಆರ್4-2400 ಜಾತಿಯ ಒಂದು ರ‍್ಯಾಮ್ ಪಟ್ಟಿ ಸೆಕೆಂಡಿಗೆ 19.2 ಗಿಗಾಬೈಟ್ ಸಾಗಿಸಬಲ್ಲದು. ಅಂಥ ಎರಡನ್ನು ಜೊತೆಯಾಗಿ ಹಾಕಿದರೆ 38.4. ಎರಡನೆಯ ಪಟ್ಟಿಗೆ ಜಾಗವಿರುವ ಯಂತ್ರಗಳಲ್ಲಿ ಹಣ ಹಾಕಲು ಯೋಗ್ಯವಾದ ಸುಧಾರಣೆ ಇದೊಂದೇ ಎನ್ನಬಹುದು. ಹಾರ್ಡ್ ಡಿಸ್ಕನ್ನು ತೆಗೆದು ಎಸ್‌ಎಸ್‌ಡಿ ಹಾಕಿದರೆ ಆಟ ಬೇಗ ತೆರೆಯುತ್ತದೆ, ಆದರೆ ಚಿತ್ರಗಳ ಸಂಖ್ಯೆ ಅಷ್ಟಾಗಿ ಹೆಚ್ಚುವುದಿಲ್ಲ.

ಇವಲ್ಲದೆ, ಆಡುವಾಗ ಚಾರ್ಜರನ್ನು ಜೋಡಿಸಿರುವುದು, ಹಿಂದೆ ತೆರೆದಿಟ್ಟ ಬ್ರೌಸರ್ ಮೊದಲಾದವನ್ನು ಮುಚ್ಚುವುದು ಸಾಮಾನ್ಯ ಕ್ರಮಗಳು.

ಮಾಡಬಾರದುದೇನು?

ಒಂದೇ ಗುಂಡಿಯಿಂದ ವೇಗ ಹೆಚ್ಚಿಸುತ್ತೇವೆಂದು ಆಸೆ ತೋರಿಸುವ ಅಪರಿಚಿತ ತಂತ್ರಾಂಶಗಳನ್ನು ಹಾಕಬೇಡಿ. ಅವು 15 ವಾಟನ್ನು 16 ಮಾಡಲಾರವು. ನಿಮ್ಮ ಗುಪ್ತಪದಗಳನ್ನು ಕದ್ದರೂ ಕದ್ದಾವು. ಲ್ಯಾಪ್‌ಟಾಪಿನ ತಳ ಉಬ್ಬಿದ್ದರೆ ಅಥವಾ ಕೀಲಿಮಣೆ ಮೇಲೆದ್ದಿದ್ದರೆ ಬ್ಯಾಟರಿ ಊದಿಕೊಂಡಿರಬಹುದು. ಅಂಥದನ್ನು ಚಾರ್ಜು ಮಾಡದೆ, ಒತ್ತದೆ, ಚುಚ್ಚದೆ, ಕೂಡಲೇ ದುರಸ್ತಿಯವರಲ್ಲಿಗೆ ಒಯ್ಯಬೇಕು. ಅದು ಬೆಂಕಿ ಹತ್ತುವ ಅಪಾಯ.

ಮೂರನೆಯ ಸಂಜೆ

ಪರೀಕ್ಷೆಗೆ ನಾವು ಸೂಪರ್‌ಟಕ್ಸ್‌ಕಾರ್ಟ್ ಎಂಬ, ಹಣ ಕೊಡದೆ ದೊರೆಯುವ ಮುಕ್ತ ತಂತ್ರಾಂಶದ ಕಾರೋಟದ ಆಟವನ್ನು ಬಳಸಿದೆವು. ಸೆಕೆಂಡಿಗೆ ಎಷ್ಟು ಚಿತ್ರಗಳೆಂಬುದನ್ನು ಅದು ತೆರೆಯ ಮೇಲೆಯೇ ತೋರಿಸಬಲ್ಲದು. ಪ್ರತಿ ಸಲವೂ ಒಂದನ್ನು ಮಾತ್ರ ಬದಲಾಯಿಸಿ, ಕಾಲು ಗಂಟೆ ಓಡಿಸಿ, ನೋಟ್‌ಬುಕ್ಕಿನಲ್ಲಿ ಬರೆದೆವು. ಎರಡು ಬದಲಾವಣೆಗಳನ್ನು ಒಟ್ಟಿಗೆ ಮಾಡಿದರೆ ಯಾವುದರ ಫಲವೆಂದು ತಿಳಿಯದು. ವಿಜ್ಞಾನದ ಮೊದಲ ಪಾಠ ಇಲ್ಲಿಯೂ ಅನ್ವಯಿಸುತ್ತದೆ.

ಮೂರನೆಯ ಸಂಜೆ, ದುರಸ್ತಿ ಬಲ್ಲ ಹಳೆ ವಿದ್ಯಾರ್ಥಿಯೊಬ್ಬರು ಬಂದು ಹಿಂಬದಿಯನ್ನು ತೆರೆದಾಗ ತಗಡುಗಳ ಮುಂದೆ ಹತ್ತಿಯ ನಾರಿನಂಥ ಧೂಳಿನ ಪಟ್ಟಿ ಕಂಡಿತು. "ರಾತ್ರಿ ದಿಂಬಿನ ಮೇಲಿಟ್ಟು ಆಡುತ್ತಿದ್ದೆ" ಎಂದು ಹುಡುಗನೇ ಮೆಲ್ಲನೆ ಹೇಳಿದ. ಧೂಳು ತೆಗೆದು, ಯಂತ್ರವನ್ನು ಎತ್ತರಿಸಿ, ಚುಕ್ಕೆಗಳನ್ನು ಇಳಿಸಿ, ಮಿತಿ ಹಾಕಿದ ಮೇಲೆ ಕಾಲು ಗಂಟೆಯ ಕೊನೆಗೂ ಓಟ ಮೊದಲಿನಂತೆಯೇ ಉಳಿಯಿತು. ಅತಿ ದೊಡ್ಡ ಆಟಗಳು ಅದರಲ್ಲಿ ಇಂದಿಗೂ ನಡೆಯುವುದಿಲ್ಲ, ನಡೆಯುವಂತೆ ಮಾಡಲು ಸಾಧ್ಯವೂ ಇಲ್ಲ. ಅದನ್ನೂ ಅವನಿಗೆ ಮುಚ್ಚುಮರೆಯಿಲ್ಲದೆ ಹೇಳಿದೆವು. ಅವನು ಒಪ್ಪಿಕೊಂಡ. ಆ ಹಣ ಯಾವುದಕ್ಕೆಂದು ಇರಿಸಿದ್ದರೋ ಅದಕ್ಕೇ ಜೂನ್ ತಿಂಗಳಲ್ಲಿ ವಿನಿಯೋಗವಾಯಿತು.

ರಕ್ಷಕರಲ್ಲಿ ನಮ್ಮದೊಂದು ವಿಜ್ಞಾಪನೆ. ಮಗು ಹೊಸ ಯಂತ್ರ ಕೇಳಿದಾಗ ಗದರಿಸಬೇಡಿ, ಕೂಡಲೇ ಕೊಡಿಸಲೂ ಬೇಡಿ. "ಅಳೆದು ತೋರಿಸು" ಎನ್ನಿ. ಅಳೆಯಲು ಕುಳಿತ ಮಗು ಆಟಕ್ಕಿಂತ ದೊಡ್ಡದೊಂದನ್ನು ಕಲಿಯುತ್ತದೆ.

ಮಾಡಿ ನೋಡಿ

1. 1600 ಮತ್ತು 900ರ ತೆರೆಯಲ್ಲಿ ಎಷ್ಟು ಚುಕ್ಕೆಗಳಿವೆ? ಅದು 20,73,600ರ ಶೇಕಡಾ ಎಷ್ಟು?

2. ಆವರ್ತನ, ವೋಲ್ಟೇಜು ಎರಡನ್ನೂ ಶೇಕಡಾ 20ರಷ್ಟು ಇಳಿಸಿದರೆ ಶಕ್ತಿ ಎಷ್ಟು ಉಳಿಯುತ್ತದೆ?

3. ಮನೆಯಲ್ಲಿ ಲ್ಯಾಪ್‌ಟಾಪ್ ಇದ್ದರೆ, ಅದನ್ನು ನೆಲಮಟ್ಟದ ಮೇಜಿನಲ್ಲಿಟ್ಟು ಒಮ್ಮೆ, ಹಿಂಬದಿಯನ್ನು ಎತ್ತರಿಸಿ ಒಮ್ಮೆ ಒಂದೇ ಆಟವನ್ನು ಕಾಲು ಗಂಟೆ ನಡೆಸಿ. ಐದೈದು ನಿಮಿಷಕ್ಕೊಮ್ಮೆ ಚಿತ್ರಗಳ ಸಂಖ್ಯೆಯನ್ನು ಬರೆದು ಗ್ರಾಫ್ ಎಳೆಯಿರಿ. ಕೋಣೆಯ ಉಷ್ಣತೆಯನ್ನು ಬರೆಯಲು ಮರೆಯಬೇಡಿ.