ಕಾಗದದಲ್ಲಿ ಯಾರ ಹೆಸರಿದೆ, ಕೇಳು

ಪುಟ್ಟಿ, ಜೇನ್ ಗ್ರೇ ಕಥೆ ಓದಿ ಅಳು ಬಂತು ಅಂತ ಬರೆದಿದ್ದೀಯ. ಹದಿನಾರು ಹದಿನೇಳರ ಹುಡುಗಿಯನ್ನು ಲಂಡನ್ ಕೋಟೆಯೊಳಗೆ ಕೊಡಲಿಗೆ ಕೊಟ್ಟರು ಅಂದರೆ ಯಾರ ಕರುಳಾದರೂ ಚುರುಕ್ ಅನ್ನುತ್ತದೆ. ಆದರೆ ಅತ್ತು ಸುಮ್ಮನಾಗಬೇಡ. ಅವಳನ್ನು ಅಲ್ಲಿಗೆ ತಂದು ನಿಲ್ಲಿಸಿದ ಕಾಗದವನ್ನೂ ನೋಡು.

1553ರಲ್ಲಿ ಇಂಗ್ಲೆಂಡಿನ ದೊರೆ ಆರನೆಯ ಎಡ್ವರ್ಡ್, ಹದಿನೈದರ ಹುಡುಗ, ಹಾಸಿಗೆ ಹಿಡಿದಿದ್ದ. ಕ್ಯಾಥೊಲಿಕ್ ಅಕ್ಕ ಮೇರಿಗೆ ಪಟ್ಟ ಹೋಗುವುದು ಅವನಿಗೆ ಬೇಡವಾಗಿತ್ತು. ರಾಜ್ಯಭಾರ ನಡೆಸುತ್ತಿದ್ದ ಡ್ಯೂಕ್ ಜಾನ್ ಡಡ್ಲಿಗೂ ಬೇಡವಾಗಿತ್ತು. ಎಡ್ವರ್ಡ್ ತನ್ನ ಕೈಯಾರೆ ಬರೆದ ಕರಡಿನಲ್ಲಿ ಪಟ್ಟ ತನ್ನ ಸಂಬಂಧಿ ಜೇನ್‌ಗೆ ಅಂತ ಇರಲೇ ಇಲ್ಲ. ಅವಳಿಗೆ ಮುಂದೆ ಹುಟ್ಟುವ ಗಂಡುಮಕ್ಕಳಿಗೆ ಅಂತಿತ್ತು. ಅಷ್ಟು ಕಾಲ ದೊರೆ ಬದುಕುವ ಹಾಗೆ ಕಾಣಲಿಲ್ಲ. ಆಗ ಆ ಸಾಲಿನ ನಡುವೆ ಎರಡು ಪದ ತುರುಕಿ, ಅವಳಿಗೂ ಅವಳ ಗಂಡುಮಕ್ಕಳಿಗೂ ಅಂತ ಮಾಡಿದರು. ಆ ಮೇ ತಿಂಗಳಲ್ಲೇ ಅವಳನ್ನು ಡಡ್ಲಿಯ ಮಗ ಗಿಲ್ಫರ್ಡ್‌ಗೆ ಕೊಟ್ಟು ಮದುವೆಯೂ ಆಗಿತ್ತು. ಜುಲೈ 6ಕ್ಕೆ ದೊರೆ ತೀರಿಕೊಂಡ. ಮೂರು ದಿನದ ಮೇಲೆ ಹಿರಿಯರೆಲ್ಲ ಸೇರಿ ಅವಳಿಗೆ ನೀನೇ ರಾಣಿ ಅಂದರು. ಅವಳು ಅತ್ತಳು, ಹಕ್ಕು ಮೇರಿಯದು ಅಂದಳು. ಕೇಳುವವರು ಯಾರು? ಜುಲೈ 19ಕ್ಕೆ ಲಂಡನ್ನು ಮೇರಿಗೆ ಜೈ ಅಂದಿತು.

ಹಾಗಂತ ಅವಳನ್ನು ಏನೂ ಅರಿಯದ ಗೊಂಬೆ ಅಂತ ತಿಳಿಯಬೇಡ. ಮನೆಯವರೆಲ್ಲ ಬೇಟೆಗೆ ಹೋಗಿದ್ದಾಗ ಒಬ್ಬಳೇ ಕೂತು ಪ್ಲೇಟೋವನ್ನು ಗ್ರೀಕಿನಲ್ಲೇ ಓದುತ್ತಿದ್ದವಳು ಅವಳು. ಅವಳ ಮನೆ ಬ್ರಾಡ್‌ಗೇಟ್‌ಗೆ ಬಂದ ವಿದ್ವಾಂಸ ರೋಜರ್ ಆಸ್ಕಮ್ ಅದನ್ನು ಕಂಡು ಬೆರಗಾಗಿ ಬರೆದಿಟ್ಟಿದ್ದಾನೆ. ಗಂಡನಿಗೂ ಕಿರೀಟ ಬೇಕು ಎಂಬ ಮಾತು ಬಂದಾಗ, ಬೇಕಾದರೆ ಡ್ಯೂಕ್ ಮಾಡುತ್ತೇನೆ, ರಾಜನನ್ನಾಗಿ ಮಾಡೆನು ಎಂದಳು. ಅತ್ತೆ ಸಿಡಿದೆದ್ದಳು. ಇವಳು ಜಗ್ಗಲಿಲ್ಲ. ನನಗೆ ಅವಳ ಮೇಲೆ ಅಭಿಮಾನ ಹುಟ್ಟುವುದು ಇಲ್ಲಿ. ಮರಣದಂಡನೆ ವಿಧಿಸಿದ ಮೇಲೂ ಮೇರಿ ಅವಳನ್ನು ಉಳಿಸಿಕೊಂಡಿದ್ದಳು. ಹೆತ್ತ ತಂದೆ ಹೋಗಿ ಹೊಸದೊಂದು ದಂಗೆಗೆ ಸೇರಿದ. 1554ರ ಫೆಬ್ರವರಿ 12ಕ್ಕೆ ಮಗಳ ತಲೆ ಹೋಯಿತು.

ಇನ್ನು ಅವಳ ತಂಗಿ ಕ್ಯಾಥರೀನ್. ಇವಳ ಕಥೆಯನ್ನು ನೀನು ಓದಿರಲಿಕ್ಕಿಲ್ಲ, ನಾನು ಮುಖ್ಯವಾಗಿ ಹೇಳಬೇಕೆಂದಿರುವುದು ಇದನ್ನೇ. ಮೇರಿಯ ನಂತರ ಪಟ್ಟಕ್ಕೆ ಬಂದ ಎಲಿಜಬೆತ್ ರಾಣಿಗೆ ಮಕ್ಕಳಿಲ್ಲ, ಪಟ್ಟದ ಸಾಲಿನಲ್ಲಿ ಕ್ಯಾಥರೀನ್ ಇದ್ದಳು, ಆದ್ದರಿಂದ ಅವಳು ಯಾರನ್ನು ವರಿಸಿದರೂ ಅದು ರಾಜಕಾರಣವೇ. ಅವಳು 1560ರಲ್ಲಿ ಮನಮೆಚ್ಚಿದ ಎಡ್ವರ್ಡ್ ಸೀಮೋರನನ್ನು ಗುಟ್ಟಾಗಿ ಮದುವೆಯಾದಳು. ಸಾಕ್ಷಿಗೆ ಇದ್ದವಳು ನಾದಿನಿ ಒಬ್ಬಳೇ, ಅವಳು ಕೆಲವೇ ತಿಂಗಳಲ್ಲಿ ತೀರಿಕೊಂಡಳು. ಪಾದ್ರಿಯ ಹೆಸರು ಹೆಣ್ಣಿಗೂ ಗೊತ್ತಿಲ್ಲ, ಗಂಡಿಗೂ ಗೊತ್ತಿಲ್ಲ. ಗಂಡ ಅವಳ ಜೀವನಾಂಶಕ್ಕೆಂದು ಬರೆದುಕೊಟ್ಟಿದ್ದ ಪತ್ರವನ್ನು ಎಲ್ಲೋ ಕಳೆದುಕೊಂಡಿದ್ದಳು. ಬಸುರಿ ಎಂದು ಗೊತ್ತಾದಾಗ ಸೆರೆಗೆ ಹಾಕಿದರು. ಮಗು ಅಲ್ಲೇ ಹುಟ್ಟಿತು. 1562ರಲ್ಲಿ ವಿಚಾರಣೆ ಮಾಡಿದವರು ಮದುವೆ ಆಗಿದ್ದಕ್ಕೆ ಪುರಾವೆಯೇ ಇಲ್ಲ ಎಂದು ತೀರ್ಪು ಕೊಟ್ಟರು. ಕೂಸು ಅಕ್ರಮ ಸಂತಾನ ಆಯಿತು. ಗಂಡನಿಂದ ಅಗಲಿಸಿ ಮನೆಯಿಂದ ಮನೆಗೆ ಕಾವಲಲ್ಲಿ ಸಾಗಿಸಿದರು. 1568ರಲ್ಲಿ, ಇಪ್ಪತ್ತೇಳರ ವಯಸ್ಸಿನಲ್ಲಿ ಸತ್ತಳು. ಕಿರಿಯವಳು ಮೇರಿ ಗ್ರೇ ಅರಮನೆಯ ಕಾವಲು ಅಧಿಕಾರಿಯೊಬ್ಬನನ್ನು ಮದುವೆಯಾದದ್ದಕ್ಕೆ ಅವಳಿಗೂ ಸೆರೆಯೇ.

ಪುರಾವೆ ಇದ್ದಿದ್ದರೆ ರಾಣಿಯ ಸಿಟ್ಟು ಇಳಿಯುತ್ತಿತ್ತು ಅಂತ ನಾನು ಹೇಳುವುದಿಲ್ಲ. ಆದರೆ ಕೂಸಿಗೆ ಅಕ್ರಮ ಸಂತಾನ ಎಂಬ ಹೆಸರು ಅಂಟುತ್ತಿರಲಿಲ್ಲ ಕಣೇ. ಪ್ರೀತಿ ನಿಜವಾಗಿತ್ತು, ಮದುವೆ ನಡೆದಿತ್ತು, ತೋರಿಸಲು ಮಾತ್ರ ಕೈಯಲ್ಲಿ ಏನೂ ಇರಲಿಲ್ಲ.

ನಮಗೆ ಸಿಂಹಾಸನ ಇಲ್ಲ. ಆದರೂ ಮದುವೆ ಮಾತು, ಪಾಲುಪಟ್ಟಿ, ಇಲ್ಲೊಂದು ಸಹಿ ಹಾಕಮ್ಮ ಅನ್ನುವ ಪ್ರೀತಿಯ ದನಿ, ಇವೆಲ್ಲ ನಿನ್ನ ಮುಂದೂ ಬರುತ್ತವೆ. ಕೇಳುವವರು ನಿನ್ನಪ್ಪನೇ ಆಗಿರಲಿ, ನಾನೇ ಆಗಿರಲಿ, ಪೂರ್ತಿ ಓದದೆ ಪೆನ್ನು ಹಿಡಿಯಬೇಡ. ಯಾರು ಬರೆಸಿದರು, ಯಾವ ಸಾಲು ಆಮೇಲೆ ಸೇರಿತು, ಸಾಕ್ಷಿ ಯಾರು, ಕೇಳು. ಒಂದು ಪ್ರತಿ ನಿನ್ನ ಹತ್ತಿರ ಇರಲಿ. ದಸರಾ ರಜೆಗೆ ಬರುವಾಗ ನಿನ್ನ ಹೆಸರಿನಲ್ಲಿರುವ ಪತ್ರಗಳನ್ನೆಲ್ಲ ತಗೊಂಡು ಬಾ, ಇಬ್ಬರೂ ಕೂತು ಓದೋಣ.