ಎಡಗಡೆಯ ಕುರ್ಚಿ

ಪುಟ್ಟೀ, ಫ್ರೆಂಚ್ ಸಂಗೀತ ರಚನಕಾರ ರವೆಲ್‌ನ ‘ಮಾ ಮೇರ್ ಲ್ವಾ’ ಕೃತಿಯನ್ನು ಕಂಪ್ಯೂಟರಿನಲ್ಲಿ ನಿನಗೆ ಬೇಕಾದ ವಾದ್ಯಗಳಿಗೆ ಹೊಂದಿಸುತ್ತೇನೆ ಎಂದೆಯಲ್ಲ, ಖುಷಿಯಾಯಿತು. ಮಾಡು, ಆದರೆ ಸ್ವಲ್ಪ ತಡಿ. ನೀನು ಕೇಳಿ ಮರುಳಾಗಿರುವುದು ಅದರ ಆರ್ಕೆಸ್ಟ್ರಾ ರೂಪ. ಮೂಲದಲ್ಲಿ ಅದು ಒಂದೇ ಪಿಯಾನೊದ ಮುಂದೆ ಇಬ್ಬರು ಮಕ್ಕಳು ಭುಜಕ್ಕೆ ಭುಜ ತಾಗಿಸಿ ಕೂತು ನುಡಿಸಲಿ ಎಂದು ಬರೆದದ್ದು.

ಪ್ಯಾರಿಸ್ಸಿನಲ್ಲಿ ರವೆಲ್‌ನ ಗೆಳೆಯರಾದ ಗೋದೆಬ್ಸ್ಕಿ ದಂಪತಿಗಳಿಗೆ ಮಿಮಿ, ಜಾಂ ಎಂಬ ಮಕ್ಕಳಿದ್ದರು. 1908ರಲ್ಲಿ ಮೊದಲ ತುಣುಕು, 1910ರ ಹೊತ್ತಿಗೆ ಒಟ್ಟು ಐದು ಆ ಇಬ್ಬರಿಗಾಗಿ ಸಿದ್ಧವಾದವು. ನುಡಿಸುವುದು ಮಾತ್ರ ಅವರ ಕೈಲಾಗಲಿಲ್ಲ. 1910ರ ಏಪ್ರಿಲ್‌ನಲ್ಲಿ ಸಭೆಯೆದುರು ನುಡಿಸಿದವರು ಬೇರೆ ಇಬ್ಬರು ಹುಡುಗಿಯರು. ಅವರಲ್ಲಿ ಜ್ಯಾನ್ ಲೆಲೂ ಎಂಬವಳು ಮುಂದೆ ತಾನೇ ಸಂಗೀತ ರಚಿಸಿ ‘ಪ್ರಿ ದ ರೋಮ್’ ಸ್ಪರ್ಧೆಯ ಮೊದಲ ಬಹುಮಾನ ಗೆದ್ದಳು. ಐದು ಸಲ ಸ್ಪರ್ಧಿಸಿಯೂ ರವೆಲ್‌ಗೆ ಆ ಮೊದಲ ಬಹುಮಾನ ಸಿಕ್ಕಿರಲಿಲ್ಲ!

ನಾನು ಹೇಳುವುದಿಷ್ಟು: ಗೆಳತಿಯೊಬ್ಬಳನ್ನು ಕರೆದು ಬಲಗಡೆ ಕೂರಿಸು, ನೀನು ಎಡಗಡೆ ಕೂರು. ರಾಗ ಹೆಚ್ಚಾಗಿ ಅವಳ ಪಾಲು. ಪೆಡಲ್ ಒತ್ತುವುದು ನಿನ್ನ ಕೆಲಸ, ಅಂದರೆ ಅವಳ ಸ್ವರ ಎಷ್ಟು ಹೊತ್ತು ನಿಲ್ಲಬೇಕೆಂಬುದು ನಿನ್ನ ಪಾದದಲ್ಲಿದೆ. ನಿನ್ನ ಕೈಯನ್ನಷ್ಟೇ ಕೇಳುತ್ತಾ ಕೂತರೆ ಅವಳ ರಾಗ ಕಲಸಿದ ಹಿಟ್ಟಾಗುತ್ತದೆ.

ನಾಲ್ಕನೆಯ ತುಣುಕಿನಲ್ಲಿ, ಸುಂದರಿಯೂ ಮೃಗವೂ ಮಾತಾಡುವಲ್ಲಿ, ಮೃಗದ ಗುರುಗುಟ್ಟುವಿಕೆ ನಿನ್ನ ಬೆರಳಿಗೆ ಬರುತ್ತದೆ. 1911ರಲ್ಲಿ ಆರ್ಕೆಸ್ಟ್ರಾಕ್ಕೆ ಬರೆದಾಗ ರವೆಲ್ ಅದನ್ನು ಕಾಂಟ್ರಾಬಸೂನಿಗೆ ಕೊಟ್ಟ, ಸುಂದರಿಯ ರಾಗವನ್ನು ಕ್ಲಾರಿನೆಟ್ಟಿಗೆ. ಆ ಕೆಳಸ್ವರಗಳನ್ನು ನೀನೇ ಒತ್ತಿ ನೋಡು; ಆ ವಾದ್ಯವನ್ನೇ ಏಕೆ ಆರಿಸಿದನೆಂದು ಯಾರೂ ವಿವರಿಸಬೇಕಾಗಿಲ್ಲ. ಮೂರನೆಯದರಲ್ಲಿ ನಿನ್ನ ಗೆಳತಿಯ ಬೆರಳುಗಳು ಬಹುಪಾಲು ಕಪ್ಪು ಮನೆಗಳ ಮೇಲೇ ಓಡಾಡುತ್ತವೆ. ಕಪ್ಪು ಮನೆಗಳೆಂದರೆ ಐದೇ ಸ್ವರ, ನಮ್ಮ ಮೋಹನದಂತೆ. ಪುಟ್ಟ ಕೈಗೂ ಎಟುಕುವ ಆ ಉಪಾಯದಿಂದಲೇ ಪೂರ್ವದೇಶದ ಗಂಟೆ, ಜಾಗಟೆಗಳ ಸದ್ದು ಹುಟ್ಟುತ್ತದೆ.

1912ರಲ್ಲಿ ಇದೇ ಕೃತಿ ಬ್ಯಾಲೆಯಾಯಿತು. ಆಗ ರವೆಲ್ ಒಂದು ಪೀಠಿಕೆ, ನೂಲುವ ರಾಟೆಯ ಕುಣಿತ, ತುಣುಕುಗಳ ನಡುವೆ ಕೊಂಡಿಗಳು ಎಲ್ಲವನ್ನೂ ಸೇರಿಸಿದ. ಸೊಗಸಾಗಿದೆ, ಆದರೂ ನನಗೆ ಐದೇ ಸಾಕು. ಮಕ್ಕಳ ಲೋಕವನ್ನು ಹಿಡಿಯಬೇಕೆಂದೇ ಅವನು ತನ್ನ ಬರವಣಿಗೆಯನ್ನು ಸರಳ ಮಾಡಿಕೊಂಡಿದ್ದ. ನೀನು ವಾದ್ಯ ಸೇರಿಸುವಾಗ ಖಾಲಿ ಜಾಗ ಕಂಡಲ್ಲೆಲ್ಲ ಪಿಟೀಲು ತುಂಬಬೇಡ. ಮೊದಲ ತುಣುಕು ಬರೀ 20 ಬಾರ್. ಅದರಲ್ಲಿ ಯಾವ ಸ್ವರ ತೆಗೆದರೆ ನಷ್ಟವಿಲ್ಲ, ಹುಡುಕಿ ನೋಡು.

ಇನ್ನೊಂದು ವಿಷಯ. ಜೊತೆಗಾರ್ತಿ ಸಿಗದಿದ್ದರೆ ಜಾಕ್ ಶಾರ್ಲೊ ಒಬ್ಬರೇ ನುಡಿಸಲೆಂದು ಬರೆದ ರೂಪವಿದೆ. ಶಾರ್ಲೊ ಮೊದಲ ಮಹಾಯುದ್ಧದಲ್ಲಿ ಸತ್ತ. ‘ತೊಂಬೊ ದ ಕುಪ್ರಾಂ’ ಕೃತಿಯ ಮೊದಲ ತುಣುಕನ್ನು ರವೆಲ್ ಅವನ ನೆನಪಿಗೆ ಅರ್ಪಿಸಿದ. ಶಾರ್ಲೊನ ಆ ರೂಪದ ಪುಸ್ತಕವನ್ನು ಮೂಲದ ಪಕ್ಕದಲ್ಲಿಟ್ಟುಕೋ. ನಾಲ್ಕು ಕೈ ಎರಡಾದಾಗ ಅವನು ಏನನ್ನು ಕೈಬಿಟ್ಟಿದ್ದಾನೆ, ಅಲ್ಲಲ್ಲಿ ಪೆನ್ಸಿಲಿನಿಂದ ಗುರುತು ಹಾಕು. ಕಂಪ್ಯೂಟರ್ ತೆರೆಯುವುದು ಆಮೇಲೆ.