ಕೋಡ್ ಬರೆಯುವ ಮುನ್ನ ಕೈ ನೋಡು

ಮಗಳೆ,

ನಿಮ್ಮವ್ವ ಮೊನ್ನೆ ಫೋನ್ ಮಾಡಿದಾಗಿನಿಂದ ನನಗೆ ಸಮಾಧಾನವಿಲ್ಲ. ಬೆಂಗಳೂರಿನ ಕಂಪನಿಗೆ ಹೂಂ ಅಂದೆಯಂತೆ, ಬಾಗಲಕೋಟೆಯ ಆಸ್ಪತ್ರೆಗೆ ರಾಜೀನಾಮೆ ಕೊಡುವವಳಿದ್ದೀಯಂತೆ. ಇದನ್ನು ನಿನಗೊಬ್ಬಳಿಗೇ ಬರೆಯಬಹುದಿತ್ತು. ಆದರೆ ಬಾದಾಮಿ, ಹುನಗುಂದ, ಇಳಕಲ್ಲ ಕಡೆಯಿಂದ ನರ್ಸಿಂಗ್ ಓದಿ ಮೆಡಿಕಲ್ ಕೋಡಿಂಗ್ (ರೋಗಿಯ ಕಾಗದಪತ್ರ ಓದಿ ರೋಗಕ್ಕೆ, ಗಾಯಕ್ಕೆ ಸಂಕೇತ ಹಾಕುವ ಕೆಲಸ) ಕಡೆ ಮುಖ ಮಾಡಿದವಳು ನೀನೊಬ್ಬಳೇ ಅಲ್ಲ. ಅವರೂ ಓದಲಿ ಎಂದು ಪತ್ರಿಕೆಗೆ ಕೊಟ್ಟಿದ್ದೇನೆ.

ಹೋಗುವುದಾಗಲಿ ಇರುವುದಾಗಲಿ ನಿನಗೇ ಬಿಟ್ಟದ್ದು. ಅಲ್ಲಿ ಪಗಾರ ಹೆಚ್ಚು, ದಿನವಿಡೀ ನಿಂತು ಕಾಲು ಬಾಯುವುದಿಲ್ಲ, ಮನೆಯ ಸಾಲಕ್ಕೂ ದಾರಿಯಾಗುತ್ತದೆ. ನನ್ನನ್ನು ಚುಚ್ಚಿದ್ದು ನೀನಾಡಿದ ಮಾತು. ಕೈಗೆ ಕೆಮಿಕಲ್ ಬಿದ್ದು ಸುಟ್ಟವರು ಮತ್ತೆ ತೋರಿಸಲು ಬಂದಾಗ ಕೋಡ್ ಹೇಗೆ ಹಾಕಬೇಕೆಂದು ಕ್ಲಾಸಿನಲ್ಲಿ ಕಲಿಸಿದರಂತೆ. "ಕೊನಿಗೆ ಎ ಬದಲು ಡಿ ಹಾಕೂದು, ಅಷ್ಟ ಅವ್ವಾ. ಒಂದಕ್ಷರದ ಕೆಲಸ" ಎಂದು ನಕ್ಕೆಯಂತೆ.

ನಿನ್ನ ಮುತ್ಯಾನ ಕೈ ನೀನು ನೋಡಿಲ್ಲ. ಅಪ್ಪ ಇಳಕಲ್ಲಿನಲ್ಲಿ ಸೀರೆಯ ಒಡಲ ನೂಲಿಗೆ ಬಣ್ಣ ಹಾಕುತ್ತಿದ್ದ. ನ್ಯಾಫ್ತಾಲ್ ಕರಗಬೇಕಾದರೆ ಕಾಸ್ಟಿಕ್ ಸೋಡಾ ಬೇಕು. ವ್ಯಾಟ್ ಬಣ್ಣಕ್ಕಾದರೆ ಕಾಸ್ಟಿಕ್ ಜೊತೆಗೆ ಹೈಡ್ರೋ. ನೂಲಿನ ಲಡಿಗಳನ್ನು ಬರಿಗೈಯಿಂದಲೇ ಅದ್ದಿ ತಿರುವುವುದು. ನಮ್ಮ ಮನೆಯ ಹಿತ್ತಲಲ್ಲಿ ಅಪ್ಪನ ಉಗುರಿಗೆ ಬಣ್ಣ ಅಂಟಿರದ ದಿನವನ್ನು ನಾನು ಕಂಡಿಲ್ಲ. ಒಂದು ದಿನ ಬೆವತ ಬಲ ಅಂಗೈಗೆ ಕಾಸ್ಟಿಕ್ ಚಕ್ಕೆ ಅಂಟಿಕೊಂಡವು. ಆಸಿಡ್ ಬಿದ್ದರೆ ಚುರ್ರೆಂದು ಉರಿದು ಎಚ್ಚರಿಸುತ್ತದೆ. ಕಾಸ್ಟಿಕ್ ಹಾಗಲ್ಲ. ಚರ್ಮದ ಕೊಬ್ಬನ್ನೇ ಸಾಬೂನು ಮಾಡುತ್ತ, ಜಾರುತ್ತ ಜಾರುತ್ತ ಒಳಗಿಳಿಯುತ್ತದೆ; ನೋವು ಆಮೇಲೆ ಬರುತ್ತದೆ. ಒಣ ಚಕ್ಕೆಯನ್ನು ಮೊದಲು ಕೊಡವಿ, ಆಮೇಲೆ ಹರಿಯುವ ನೀರಿನಡಿ ಬಹಳ ಹೊತ್ತು ಕೈ ಹಿಡಿಯಬೇಕೆಂದು ಅವನಿಗೆ ಯಾರೂ ಹೇಳಿರಲಿಲ್ಲ. ಧೋತರದ ಅಂಚಿಗೆ ಒರೆಸಿಕೊಂಡು, ಇದ್ದ ಲಡಿಗಳನ್ನು ಮುಗಿಸಿಯೇ ಎದ್ದ. ಸಂಜೆಗೆ ಅಂಗೈ ಬಿಳಚಿಕೊಂಡು ತೊಗಲಿನಂತೆ ಬಿರುಸಾಗಿತ್ತು.

ದವಾಖಾನೆಯ ಚೀಟಿಯಲ್ಲಿ "ಸುಟ್ಟ ಗಾಯ, ಡ್ರೆಸ್ಸಿಂಗ್" ಎಂದಿತ್ತು. ಮುಂದಿನ ಸಲ "ಅದೇ ಮುಂದುವರಿಸಿ." ಯಾವುದರಿಂದ ಸುಟ್ಟಿತು, ಯಾವ ಕೈ, ಎಷ್ಟು ಆಳ, ಒಂದೂ ಇಲ್ಲ. ಆಮೇಲೆ ಬಂದ ಹೊಸ ಡಾಕ್ಟರು ಬಿಸಿನೀರು ಬಿದ್ದಿರಬೇಕೆಂದುಕೊಂಡರು. ಮೇಲೆ ಗಾಯ ಕೂಡಿತು. ಒಳಗೆ ಕಲೆ ಎಳೆಯತೊಡಗಿತು. ರಾತ್ರಿ ಬೆರಳು ನೆಟ್ಟಗಿಡಲು ಪಟ್ಟಿ ಕಟ್ಟಬೇಕು, ದಿನಾ ಬೆರಳು ಬಿಡಿಸಬೇಕು ಎಂದು ಯಾರೂ ಬರೆಯಲಿಲ್ಲ. ಕಿರುಬೆರಳು, ಉಂಗುರ ಬೆರಳು ಅಂಗೈಗೆ ಮಡಚಿಕೊಂಡವು. ಲಡಿ ಹಿಂಡಲಾಗದ ಬಣ್ಣದವನನ್ನು ಯಾರು ಕರೆಯುತ್ತಾರೆ? ಅವ್ವ ಕಂಡಿಕೆ ಸುತ್ತಿ ನಮ್ಮನ್ನು ಸಾಕಿದಳು. ನಾನು ನರ್ಸ್ ಆದದ್ದು ಆ ಕೈಯ ಸಲುವಾಗಿ. ಡ್ರೆಸ್ಸಿಂಗ್ ರೂಮಿನಲ್ಲೇ ನನ್ನ ಸರ್ವಿಸ್ ಕಳೆಯಿತು.

ಈಗ ನಿನ್ನ ಒಂದಕ್ಷರಕ್ಕೆ ಬರುತ್ತೇನೆ. ನೀನು ಕಲಿಯುತ್ತಿರುವ ಅಮೆರಿಕದ ಕೋಡ್ ಪಟ್ಟಿ ಐಸಿಡಿ-10-ಸಿಎಂ 2015ರ ಅಕ್ಟೋಬರ್ 1ರಿಂದ ಜಾರಿಯಲ್ಲಿದೆ. ಕೈ ಮತ್ತು ಮಣಿಕಟ್ಟಿನ ಸುಟ್ಟಗಾಯಗಳೆಲ್ಲ ಟಿ23ರಲ್ಲಿವೆ. ಕೆಮಿಕಲ್‌ನಿಂದ ಸುಟ್ಟದ್ದಕ್ಕೆ ಟಿ23.4ರಿಂದ ಟಿ23.7ರವರೆಗೆ ಬೇರೆಯೇ ಮನೆ. ಬಲ ಅಂಗೈ, ಎರಡನೇ ಡಿಗ್ರಿ, ಗಾಯ ಮಾಯುತ್ತಿರುವಾಗಿನ ಭೇಟಿ ಎಂದರೆ ಟಿ23.651ಡಿ. ಅದಕ್ಕೂ ಮೊದಲು ಯಾವ ಕೆಮಿಕಲ್ ಎಂಬ ಕೋಡ್ ಬರಬೇಕು: ಕಾಸ್ಟಿಕ್ ಆಕಸ್ಮಿಕವಾಗಿ ತಗುಲಿದ್ದರೆ ಟಿ54.3ಎಕ್ಸ್1ಡಿ. ಎ ಎಂದರೆ ಮೊದಲ ಭೇಟಿ ಎಂದು ನೀನು ತಿಳಿದಂತಿದೆ. ಅಲ್ಲ ಮಗಳೆ. ಸಕ್ರಿಯ ಚಿಕಿತ್ಸೆ ನಡೆಯುವಷ್ಟು ದಿನವೂ ಎ. ಎಷ್ಟೋ ದಿನದ ಮೇಲೆ ಚರ್ಮ ಕಸಿ ಮಾಡಿದರೂ ಎ. ಗಾಯ ಮಾಯುವ ಹಾದಿ ಹಿಡಿದ ಮೇಲಿನ ಮಾಮೂಲಿ ಆರೈಕೆಗೆ ಡಿ. ಮಾಯದೇ ಉಳಿದ ಗಾಯವನ್ನು ಹಳೆಯದೆಂದು ತಳ್ಳುವಂತಿಲ್ಲ, ಅದು ಹಸಿ ಗಾಯವೇ. ಗಾಯ ಹೋಗಿ ಬೆರಳು ಮಡಚಿ ಉಳಿದರೆ, ಮೊದಲು ಆ ಮಡಚುವಿಕೆಯ ಕೋಡ್, ಅದರ ಹಿಂದೆ ಎಸ್ ಹಚ್ಚಿದ ಸುಟ್ಟಗಾಯದ ಕೋಡ್. ನಮ್ಮ ದೇಶದ ಆಸ್ಪತ್ರೆಗಳು ಬಳಸುವ ವಿಶ್ವ ಆರೋಗ್ಯ ಸಂಸ್ಥೆಯ ಐಸಿಡಿ-10ರಲ್ಲಿ ಈ ಬಾಲದಕ್ಷರ ಇಲ್ಲ. ಅಲ್ಲಿ ಇಂಥ ಉಳಿದುಹೋದ ಊನಕ್ಕೆ ಟಿ95.2 ಎಂಬ ಬೇರೆ ಕೋಡೇ ಇದೆ. ನಿನ್ನ ಮುತ್ಯಾನ ಕೈಗೆ ಎ, ಡಿ, ಎಸ್ ಮೂರೂ ಸಲ್ಲಬೇಕಿತ್ತು. ಸಿಕ್ಕದ್ದು "ಸುಟ್ಟ ಗಾಯ."

ನಾಲ್ಕು ವರ್ಷ ಬಿ.ಎಸ್ಸಿ. ನರ್ಸಿಂಗ್ ಓದಿದವಳು ನೀನು! ಕೀವಿನ ವಾಸನೆ ಆಗದು ಎಂದು ಮೂಗು ಮುಚ್ಚಿಕೊಂಡು ಓಡುವುದಾದರೆ ಆ ಸೀಟು ಯಾರಾದರೂ ಬಡವರ ಹುಡುಗಿಗೆ ದಕ್ಕುತ್ತಿತ್ತು. ಕೋಡಿಂಗಿಗೇ ಹೋದರೂ, ಡಾಕ್ಟರು ಬರೆಯದ್ದನ್ನು ಕೋಡರ್ ಊಹಿಸಿ ಹಾಕುವಂತಿಲ್ಲ, ಕೇಳಬೇಕು. ಏನು ಬಿಟ್ಟುಹೋಗಿದೆ ಎಂದು ಹೊಳೆಯಲಿಕ್ಕೆ ಕಣ್ಣು ಪಳಗಿರಬೇಕಲ್ಲ? ಕೋಡರ್‌ಗಳ ಸಿಪಿಸಿ ಪರೀಕ್ಷೆಯನ್ನು ಪುಸ್ತಕ ತೆರೆದಿಟ್ಟುಕೊಂಡೇ ಬರೆಯಬಹುದು. ಮಾಯುತ್ತಿರುವ ಕೈ ಆ ಪುಸ್ತಕದಲ್ಲಿಲ್ಲ.

ಸಿಟ್ಟಿನಲ್ಲಿ ಬರೆದೆ, ಬೇಜಾರಾಗಬೇಡ. ರಾತ್ರಿ ಡ್ಯೂಟಿ ಮುಗಿಸಿ ನೀನು ಬಸ್ಸಿನಲ್ಲಿ ನಿದ್ದೆ ಹೋಗುವುದನ್ನು ನಿಮ್ಮವ್ವ ಹೇಳಿದಾಗ ನನಗೂ ಕರುಳು ಚುರುಕ್ ಎಂದಿತ್ತು. ಆದರೂ ಒಂದು ವರ್ಷ ಇಲ್ಲೇ ಇರು ಅನ್ನುತ್ತೇನೆ. ಡ್ರೆಸ್ಸಿಂಗ್ ರೂಮಿನ ಡ್ಯೂಟಿ ಕೇಳಿ ಪಡೆ. ಇಳಕಲ್ಲ ಬಣ್ಣದವರು, ಗುಳೇದಗುಡ್ಡದ ಖಣದ ನೂಲು ಅದ್ದುವವರು, ಹಸಿ ಸಿಮೆಂಟಿನಲ್ಲಿ ಕೈಯಾಡಿಸುವ ಗೌಂಡಿಗಳು, ಪಾಯಖಾನೆ ತೊಳೆಯುವ ಆಸಿಡ್ ಚೆಲ್ಲಿಕೊಂಡ ಹೆಣ್ಣುಮಕ್ಕಳು, ಯಾರು ಬಂದರೂ ಕೈಯನ್ನು ನೀನೇ ಬಿಚ್ಚು. ಹಳೆಯ ಗಾಜ್ ಪಟ್ಟಿಯನ್ನು ಸಲೈನ್‌ನಲ್ಲಿ ನೆನೆಸಿ ಮೆಲ್ಲಗೆ ಎತ್ತು; ಎಳೆದರೆ ಹೊಸ ಚರ್ಮವೂ ಕಿತ್ತು ಬರುತ್ತದೆ. ಎಲ್ಲಿ ನಸುಗೆಂಪು ಮೂಡಿದೆ, ಎಲ್ಲಿ ಹಳದಿ ಲೋಳೆ ಕೂತಿದೆ ನೋಡು. ಕೈಯನ್ನು ಮೇಜಿನ ಮೇಲೆ ಚಪ್ಪಟೆಯಾಗಿ ಊರಲು ಹೇಳು. ಅಂಗೈ ಮೇಜಿಗೆ ತಾಗದಿದ್ದರೆ ಡಾಕ್ಟರಿಗೆ ಅಂದೇ ತೋರಿಸು. ಕಲೆ ಹಣ್ಣಾಗಲು ವರ್ಷ, ಎರಡು ವರ್ಷ ಹಿಡಿಯುತ್ತದೆ, ಅಲ್ಲಿಯವರೆಗೂ ಅದು ಎಳೆಯುತ್ತಲೇ ಇರುತ್ತದೆ. ಕೆಮಿಕಲ್ಲಿನ ಹೆಸರು, ಯಾವ ಕೈ, ಎಷ್ಟು ಆಳ, ಈ ಮೂರನ್ನೂ ಕೇಸ್ ಪೇಪರಿನಲ್ಲಿ ನಿನ್ನ ಕೈಯಾರೆ ಬರೆ. ಬಿಡುವಾದಾಗ ರೆಕಾರ್ಡ್ ರೂಮಿಗೆ ಹೋಗಿ, ಆಯುಷ್ಮಾನ್ ಭಾರತ್–ಆರೋಗ್ಯ ಕರ್ನಾಟಕದ ಕ್ಲೇಮಿಗೆ ಯಾವ ಯಾವ ಕಾಗದ ಕೇಳುತ್ತಾರೆಂದು ನೋಡು. ಕೋಡಿಂಗ್ ನಮ್ಮೂರಲ್ಲೂ ಬೇಕಾದ ವಿದ್ಯೆ.

ವರ್ಷ ಕಳೆದ ಮೇಲೂ ಬೆಂಗಳೂರೇ ಸೈ ಎನಿಸಿದರೆ ಸಂತೋಷದಿಂದ ಹೋಗು, ಅಲ್ಲಿ ರೂಮಿಗೆ ಕಟ್ಟುವ ಠೇವಣಿ ಹಣ ನಾನು ಕೊಡುತ್ತೇನೆ. ಈಗ ರಾಜೀನಾಮೆ ಬರೆಯುವ ಮುನ್ನ ಆ ಕಂಪನಿಯವರನ್ನು ಒಂದು ಮಾತು ಕೇಳು: ಒಂದು ವರ್ಷ ವಾರ್ಡಿನಲ್ಲಿ ದುಡಿದು ಬಂದರೆ ತೆಗೆದುಕೊಳ್ಳುತ್ತೀರಾ ಎಂದು. ಆಗದು ಎಂದರೆ ಇನ್ನೊಂದು ಕಂಪನಿ ನೋಡೋಣ. ಅವರು ಏನಂದರೆಂದು ನನಗೆ ತಿಳಿಸು.

ನಿನ್ನ ದೊಡ್ಡವ್ವ,
ಇಳಕಲ್ಲ